ಪಕ್ಕದ ಸೀಟಿನ ಬ್ರೇಕು

ಮಾರ್ಚ್ 4, ಮಂಗಳವಾರ

ತಮ್ಮ ಇವತ್ತು ಏಳನೆಯ ಸಲ ಡ್ರೈವಿಂಗ್ ಟೆಸ್ಟಿನಲ್ಲಿ ಫೇಲಾದ. ಬೇರೆ ಯಾರ ಮನೆಯಲ್ಲಾದರೂ ಇದು ಸುದ್ದಿಯೇ ಅಲ್ಲ. ನಮ್ಮದು ಡ್ರೈವಿಂಗ್ ಸ್ಕೂಲು! ಅಪ್ಪ ಕಟ್ಟಿದ್ದು, ಅಮ್ಮ ಆಫೀಸಿನಲ್ಲಿ ಕೂತು ನಡೆಸುವುದು, ನಾನು ದಿನಕ್ಕೆ ಎಂಟು ಜನರನ್ನು ರಸ್ತೆಗೆ ಕರೆದೊಯ್ಯುವುದು. ಪಾಸಾದವರ ಫೋಟೋಗಳಿಂದ ಆಫೀಸಿನ ಮೂರು ಗೋಡೆ ತುಂಬಿದೆ. ಎಪ್ಪತ್ತೆರಡು ವರ್ಷದ ಒಬ್ಬ ಅಜ್ಜಿ ಕೂಡ ಅಲ್ಲಿದ್ದಾರೆ, ಮನೆಮಗ ಮಾತ್ರ ಇಲ್ಲ. ಹಿತ್ತಲ ಗಿಡ ಮದ್ದಲ್ಲ ಅಂತ ಎದುರಿನ ಟೈರ್ ಅಂಗಡಿಯವನು ನಗುತ್ತಾನೆ.

ಅವನಿಗೆ ಓಡಿಸಲು ಬರುವುದಿಲ್ಲ ಅಂತಲ್ಲ. ಹಿಂದಿನ ಅಂಗಳದಲ್ಲಿ ಡಬ್ಬಗಳ ನಡುವೆ ರಿವರ್ಸ್ ಹಾಕುವುದನ್ನು ನೋಡಬೇಕು, ನನ್ನ ಕೈಯಲ್ಲೂ ಅಷ್ಟು ನಯವಿಲ್ಲ. ಟೆಸ್ಟಿನ ದಿನ ಅಧಿಕಾರಿ ಹಿಂದಿನ ಸೀಟಿನಲ್ಲಿ ಕೂರುತ್ತಾರೆ. ಪಕ್ಕದ ಸೀಟಿನಲ್ಲಿ ಕಲಿಸಿದವರು, ಅಂದರೆ ನಾನು, ಕೂರಬೇಕು. ಆ ಸೀಟಿನವರ ಕಾಲ ಬಳಿಯೂ ಒಂದು ಬ್ರೇಕಿರುತ್ತದೆ, ಅಪಾಯವಾದರೆ ಬೇಕಲ್ಲ. ಮೊದಲ ತಿರುವು ಬರುತ್ತಲೇ ಕಾರು ಮುಗ್ಗರಿಸಿ ನಿಂತುಬಿಡುತ್ತದೆ. ಆಮೇಲೆ ಅವನ ಕೈ ಸ್ಟೀರಿಂಗ್ ಮೇಲೆ ಮರಗಟ್ಟುತ್ತದೆ. ಏಳು ಸಲವೂ ಹೀಗೇ.

ಇದನ್ನು ಇಲ್ಲಿ ಮಾತ್ರ ಬರೆಯುತ್ತೇನೆ. ಕಳೆದ ತಿಂಗಳು ನನಗೊಂದು ಪತ್ರ ಬಂತು. ಬೇರೆ ಊರಿನ ಬಸ್ ಡಿಪೋದಲ್ಲಿ ಚಾಲಕರಿಗೆ ತರಬೇತಿ ಕೊಡುವ ಕೆಲಸ. ಹನ್ನೆರಡು ಮೀಟರ್ ಉದ್ದದ ಬಸ್ಸು! ನೆನೆಸಿಕೊಂಡರೇ ಮೈ ಜುಮ್ಮೆನ್ನುತ್ತದೆ. ಮೇ 31ರೊಳಗೆ ಒಪ್ಪಿಗೆ ತಿಳಿಸಬೇಕು. ಅಪ್ಪನ ಕಣ್ಣು ಮಂಜಾದ ಮೇಲೆ ರಸ್ತೆಗೆ ಹೋಗುವವಳು ನಾನೊಬ್ಬಳೇ. ತಮ್ಮ ಪಾಸಾಗಿ, ಕಲಿಸುವವರ ಮೂರು ವಾರದ ತರಬೇತಿ ಮುಗಿಸಿದರೆ ಅವನು ಕಲಿಸಬಹುದು, ನಾನು ಹೋಗಬಹುದು. ಅವನು ಪಾಸಾಗದಿದ್ದರೆ ನಾನೂ ಇಲ್ಲೇ. ಮುಂದಿನ ಟೆಸ್ಟು ಮೇ 20ಕ್ಕೆ. ಅಷ್ಟರೊಳಗೆ ಇವನನ್ನು ಸರಿಮಾಡಿಯೇ ತೀರುತ್ತೇನೆ.

ಮಾರ್ಚ್ 9, ಭಾನುವಾರ

ನನ್ನ ಹತ್ತಿರ ಕಲಿಯುವ ನರ್ಸ್ ಒಬ್ಬರು ತಮ್ಮನ ಕಥೆ ಕೇಳಿ, ಕುಟುಂಬ ಸಲಹಾ ಕೇಂದ್ರದ ನಂಬರ್ ಕೊಟ್ಟರು. ತಕ್ಷಣ ಫೋನ್ ಮಾಡಿದೆ. ಆ ಕಡೆಯ ಹೆಂಗಸು, "ಅವರೊಬ್ಬರೇ ಬೇಡ, ಮನೇಲಿ ಎಷ್ಟು ಜನ ಇದ್ದೀರೋ ಅಷ್ಟೂ ಜನ ಬನ್ನಿ" ಅಂದರು.

"ಹಲ್ಲು ನೋವು ಒಬ್ಬನಿಗೆ, ಬಾಯಿ ತೆಗೀಬೇಕಾದ್ದು ನಾಲ್ಕು ಜನಾನಾ?" ಅಂದರು ಅಪ್ಪ.

"ಆಫೀಸ್ ಫೋನು ಯಾರು ಎತ್ತುತ್ತಾರೆ?" ಅಂದಳು ಅಮ್ಮ.

ತಮ್ಮ "ನಾನು…" ಅಂದ. ಬರುತ್ತೇನೆ ಅಂತ ಅವನ ಅರ್ಥ. ಶನಿವಾರಕ್ಕೆ ಸಮಯ ಗೊತ್ತುಮಾಡಿದೆ.

ಮಾರ್ಚ್ 15, ಶನಿವಾರ

ಎಂಥಾ ದಿನ! ಇನ್ನೂ ಕಾಲು ನೆಲಕ್ಕೆ ತಾಗುತ್ತಿಲ್ಲ.

ಸಲಹಾ ಕೇಂದ್ರ ಇರುವುದು ಸ್ಟೇಷನರಿ ಅಂಗಡಿಯ ಮೇಲಿನ ಮಹಡಿಯಲ್ಲಿ. ಒಂದಕ್ಕೊಂದು ಹೋಲದ ಐದು ಕುರ್ಚಿ, ಮೇಜೇ ಇಲ್ಲ, ಗೋಡೆಗೊಂದು ಬಿಳಿ ಬೋರ್ಡು. ಫೋನಿನಲ್ಲಿ ಮಾತಾಡಿದ್ದ ಆ ಹೆಂಗಸಿಗೆ ಐವತ್ತರ ಆಸುಪಾಸು, ಕಾಲಲ್ಲಿ ಕ್ಯಾನ್ವಾಸ್ ಶೂ. ಅಮ್ಮ "ಡಾಕ್ಟರೇ" ಅಂತ ಕರೆದರೆ "ಡಾಕ್ಟರ್ ಅಲ್ಲ" ಅಂದರು. ಎಲ್ಲಿ ಬೇಕಾದರೂ ಕೂರಿ ಅಂದರು. ಅಮ್ಮ ಬಾಗಿಲ ಹತ್ತಿರ, ಅಪ್ಪ ಕಿಟಕಿಯ ಹತ್ತಿರ, ನಡುವೆ ತಮ್ಮ. ನಾನು ಕುರ್ಚಿ ಎಳೆದುಕೊಂಡು ಆ ಹೆಂಗಸಿನ ಪಕ್ಕದಲ್ಲೇ ಕೂತೆ. ಕೇಸಿನ ವಿವರ ಕೊಡುವವಳು ನಾನೇ ತಾನೇ? ಅವರು ಮಾತಿನ ನಡುವೆ ಎದ್ದು ನಮ್ಮನ್ನು ಅಲ್ಲಿಂದಿಲ್ಲಿಗೆ, ಇಲ್ಲಿಂದಲ್ಲಿಗೆ ಕೂರಿಸುತ್ತಲೇ ಇದ್ದರು. ಕುರ್ಚಿಯಮ್ಮ ಅಂತ ಹೆಸರಿಟ್ಟಿದ್ದೇನೆ.

"ರಸ್ತೇಲಿ ಏನಾಗುತ್ತೆ ನಿಮಗೆ?" ಅಂತ ತಮ್ಮನನ್ನು ಕೇಳಿದರು.

"ಒಂಥರಾ…"

"ಕೈ ಬೆವರುತ್ತೆ, ಉಸಿರು ಕಟ್ಟುತ್ತೆ, ಕಿವಿ ಗುಂಯ್ ಅನ್ನುತ್ತೆ" ಅಂತ ನಾನು ವಿವರಿಸಿದೆ.

"ನಿಮಗಾ?" ಅಂದರು ನನ್ನ ಕಡೆ ತಿರುಗಿ. ಅಲ್ಲ, ಅವನಿಗೆ ಅಂದೆ. ಏನೋ ಬರೆದುಕೊಂಡರು. ಕೊನೆಯಲ್ಲಿ, ನಿಮ್ಮ ತಮ್ಮನಿಗೆ ಹದಿನಾಲ್ಕು ಪ್ರಶ್ನೆ ಕೇಳಿದ್ದೆ, ಹನ್ನೊಂದಕ್ಕೆ ನೀವು ಉತ್ತರ ಕೊಟ್ಟಿರಿ ಅಂದರು. ನನಗೆ ಹೆಮ್ಮೆಯಾಯಿತು. ಅವನನ್ನು ಅಷ್ಟು ಬಲ್ಲವರು ಇನ್ಯಾರಿದ್ದಾರೆ?

ಆಮೇಲೆ ಬೋರ್ಡಿನ ಮೇಲೆ ನಮ್ಮ ಮನೆಯ ನಕ್ಷೆ ಬರೆದರು. ಗಂಡಸರಿಗೆ ಚೌಕ, ಹೆಂಗಸರಿಗೆ ವೃತ್ತ, ಮೂರು ತಲೆಮಾರು. ಅನ್ಯೋನ್ಯವಾಗಿದ್ದರೆ ಜೋಡಿ ಗೆರೆ, ಜಗಳವಿದ್ದರೆ ಅಂಕುಡೊಂಕು, ದೂರವಿದ್ದರೆ ಚುಕ್ಕಿ ಗೆರೆ. ಅಪ್ಪ ಅಮ್ಮನ ನಡುವೆ ಯಾವುದು ಎಳೆಯಲಿ ಅಂದಾಗ ಅಮ್ಮ ಸೆರಗು ಸರಿಮಾಡಿಕೊಂಡಳು, ಅಪ್ಪ ಕೆಮ್ಮಿದರು. ಕುರ್ಚಿಯಮ್ಮ ಆ ಜಾಗ ಖಾಲಿ ಬಿಟ್ಟರು. "ಬಟ್ಟೆ ಒಣಗಿಸೋ ಹಗ್ಗ ನೋಡಿದೀರಲ್ಲ, ಒಂದು ಬಟ್ಟೆ ಎಳೆದ್ರೆ ಎಲ್ಲಾ ಅಲ್ಲಾಡುತ್ತೆ. ನಾನು ಬಟ್ಟೆ ನೋಡಲ್ಲ, ಹಗ್ಗ ನೋಡ್ತೀನಿ" ಅಂದರು. ಎಂಥಾ ಮಾತು! ಕೆಳಗಿನ ಅಂಗಡಿಯಲ್ಲೇ ಒಂದು ಕಟ್ಟು ಡ್ರಾಯಿಂಗ್ ಹಾಳೆ ಕೊಂಡೆ.

ಮಾರ್ಚ್ 19, ಬುಧವಾರ

ನಾಲ್ಕು ದಿನದಲ್ಲಿ ನನ್ನ ಹತ್ತಿರ ಕಲಿಯುವ ಒಂಬತ್ತು ಜನರ ಮನೆಯ ನಕ್ಷೆ ಮುಗಿಸಿದ್ದೇನೆ. ಕ್ಲಚ್ಚಿನಿಂದ ಕಾಲೇ ತೆಗೆಯದ ಆ ಬ್ಯಾಂಕಿನವರನ್ನು "ನಿಮಗೆ ಮೂವರು ಅಕ್ಕಂದಿರಾ?" ಅಂದೆ. "ನಾಲ್ವರು, ನಿಮಗೆ ಹೇಗೆ ಗೊತ್ತಾಯ್ತು?" ಅಂತ ಬೆಚ್ಚಿಬಿದ್ದರು. ಹೊಸದಾಗಿ ಮದುವೆಯಾದ ಹುಡುಗಿಗೆ, ನೀನು ಗಂಡ ಮತ್ತು ಅತ್ತೆಯ ಜೊತೆ ಒಂದು ತ್ರಿಕೋನದಲ್ಲಿದ್ದೀಯ, ಇಬ್ಬರ ನಡುವೆ ಬಿಗುವಾದಾಗ ಮೂರನೆಯವರನ್ನು ಎಳೆದುಕೊಳ್ಳುತ್ತಾರೆ ಅಂತ ಸಿಗ್ನಲ್ಲಿನಲ್ಲಿ ವಿವರಿಸಿದೆ. ಅವಳು ಅಳುತ್ತಾ ಎಂಜಿನ್ ಆರಿಸಿಕೊಂಡಳು. ಹಿಂದೆ ಇಪ್ಪತ್ತು ಹಾರ್ನು.

"ನಮ್ಮ ತಟ್ಟೇಲಿ ಹೆಗ್ಗಣ ಬಿದ್ದಿದೆ, ನೀನು ಊರೋರ ತಟ್ಟೆ ನೊಣ ಓಡಿಸ್ತಾ ಇರು" ಅಂದಳು ಅಮ್ಮ.

ಮಾರ್ಚ್ 29, ಶನಿವಾರ

ಸಿಕ್ಕಿತು! ಕಾರಣ ಸಿಕ್ಕಿತು!

ಕುರ್ಚಿಯಮ್ಮ ಇವತ್ತು ತಮ್ಮನ ಭಯದ ಬಗ್ಗೆ ಕೇಳಲೇ ಇಲ್ಲ. "ನೀವು ಫೇಲಾದ ದಿನ ಮನೇಲಿ ಏನೇನು ನಡೆಯುತ್ತೆ, ಒಂದೊಂದಾಗಿ ಹೇಳಿ" ಅಂದರು. ನಾನು ಬಾಯಿ ತೆರೆಯುವಷ್ಟರಲ್ಲಿ ನನ್ನ ಕಡೆ ಕೈ ಅಡ್ಡ ಹಿಡಿದರು. ಎಷ್ಟು ಹೊತ್ತೋ ಕಾದಂತಾಯಿತು. ಗಡಿಯಾರ ನೋಡಿದೆ, ಅರ್ಧ ನಿಮಿಷವೂ ಆಗಿರಲಿಲ್ಲ.

"ಆ ದಿನ ಅಪ್ಪ ಅಮ್ಮ ಒಟ್ಟಿಗೆ ಊಟ ಮಾಡ್ತಾರೆ" ಅಂದ ತಮ್ಮ.

"ಬೇರೆ ದಿನ?"

"ಅಪ್ಪ ಅಂಗಳದಲ್ಲಿ. ಅಮ್ಮ ಆಫೀಸಲ್ಲಿ."

ಅಮ್ಮ ಬ್ಯಾಗಿನ ಜಿಪ್ಪು ಎಳೆಯುತ್ತಾ ಕೂತಳು. ಅಪ್ಪ ಕಿಟಕಿಯಾಚೆ ನೋಡಿದರು, ಅವರಿಗೆ ಅಲ್ಲಿ ಏನೂ ಕಾಣುವುದಿಲ್ಲ. ನನಗೋ ಚಪ್ಪಾಳೆ ತಟ್ಟುವಷ್ಟು ಖುಷಿ! ಇವನು ಫೇಲಾದರೆ ಮಾತ್ರ ಇವರಿಬ್ಬರು ಮಾತಾಡುತ್ತಾರೆ, ಅದಕ್ಕೇ ಇವನು ಫೇಲಾಗುತ್ತಾನೆ. ತಪ್ಪು ಅಪ್ಪ ಅಮ್ಮನದು. ಹಾಗಂತ ಹೇಳಿಯೂ ಬಿಟ್ಟೆ. ಕುರ್ಚಿಯಮ್ಮ, "ತಪ್ಪು ಹುಡುಕೋ ಕೆಲಸ ನಂದಲ್ಲ" ಅಂದರು. ಪಾಪ, ಸೌಜನ್ಯಕ್ಕೆ ಹಾಗಂದರು ಅನಿಸುತ್ತದೆ.

ಮನೆಗೆಲಸ ಕೊಟ್ಟಿದ್ದಾರೆ. ಪ್ರತಿ ಸಂಜೆ ಏಳಕ್ಕೆ ಅಪ್ಪ ಅಮ್ಮ ಒಟ್ಟಿಗೆ ಊಟ ಮಾಡಬೇಕು, ಮಗನ ಸುದ್ದಿ ಎತ್ತಬಾರದು. ಆ ಅರ್ಧ ಗಂಟೆ ನಾವಿಬ್ಬರೂ ಮನೆಯಲ್ಲಿರಬಾರದು.

ಏಪ್ರಿಲ್ 5, ಶನಿವಾರ

ವಾರವಿಡೀ ಸಂಜೆ ನಾನು, ತಮ್ಮ ರಸ್ತೆ ತುದಿಯಲ್ಲಿ ಕಾರು ನಿಲ್ಲಿಸಿಕೊಂಡು ಪತ್ತೇದಾರರ ಹಾಗೆ ಕೂತೆವು. ಮೂರು ದಿನ ಅಡುಗೆಮನೆಯ ಕಿಟಕಿಯಲ್ಲಿ ಎರಡು ತಲೆ ಬಗ್ಗಿಕೊಂಡು ಉಂಡವು, ಅಷ್ಟೇ. ನಾಲ್ಕನೆಯ ದಿನ ಜೋರು ಜಗಳ. ನಾನು ಬಾಗಿಲು ತೆಗೆದು ಓಡಬೇಕು ಅನ್ನುವಷ್ಟರಲ್ಲಿ ತಮ್ಮ ನನ್ನ ತೋಳು ಹಿಡಿದ. "ಅಕ್ಕ, ಅವರು…"

"ಹೊಡೆದಾಡಿಕೊಂಡುಬಿಡ್ತಾರೆ ಅಂತ ತಾನೇ?"

"ಅದಲ್ಲ ನಾನು ಹೇಳೋಕೆ ಹೊರಟಿದ್ದು."

ಮತ್ತೇನು ಅಂದರೆ ಹೇಳಲಿಲ್ಲ. ನಿನ್ನೆ ಕಿಟಕಿಯಿಂದ ಅಮ್ಮನ ನಗು ಕೇಳಿಸಿತು. ಅಮ್ಮ ನಗುವುದನ್ನು ಕೇಳಿ ಎಷ್ಟು ಕಾಲವಾಗಿತ್ತೋ!

ಏಪ್ರಿಲ್ 14, ಸೋಮವಾರ

ಟೆಸ್ಟ್ ಕಚೇರಿಯ ಹೊಸ ನಿಯಮ ಬಂದಿದೆ. ಪಕ್ಕದ ಸೀಟಿನ ಬ್ರೇಕಿಗೆ ಬಜರ್ ಇರಬೇಕು. ಕಲಿಸುವವರು ಪೆಡಲ್ ಮುಟ್ಟಿದರೆ ಕೀಂಯ್ ಅಂತ ಕೂಗಬೇಕು, ಹಿಂದೆ ಕೂತ ಅಧಿಕಾರಿಗೆ ಗೊತ್ತಾಗಲಿ ಅಂತ. ಮೆಕ್ಯಾನಿಕ್ ಶುಕ್ರವಾರ ಹಾಕಿಕೊಟ್ಟ. ಹಾಕಿದ್ದು ಅಷ್ಟಕ್ಕಷ್ಟೇ. ಇವತ್ತು ತಮ್ಮನ ಅಭ್ಯಾಸದಲ್ಲಿ ಮೊದಲ ತಿರುವಿಗೇ ಕೂಗಿತು. ಎರಡನೆಯ ತಿರುವಿಗೂ ಕೂಗಿತು. ನಾನು ಮುಟ್ಟಿಯೇ ಇಲ್ಲ! ಕಾರು ಗ್ಯಾರೇಜಿಗೆ ವಾಪಸ್ ಬಿಟ್ಟು ಬಂದೆ.

ಏಪ್ರಿಲ್ 16, ಬುಧವಾರ

ವೈರು ಬದಲಾಯಿಸಿದ್ದೇನೆ ಅಂದ ಮೆಕ್ಯಾನಿಕ್. ಸುಳ್ಳು. ಮತ್ತೆ ಕೂಗಿತು, ಒಂದೇ ಸುತ್ತಿನಲ್ಲಿ ಒಂಬತ್ತು ಸಲ. ವಾಪಸ್ ಹೋಗಿ ಮೆಕ್ಯಾನಿಕ್‌ಗೆ ಚೆನ್ನಾಗಿ ಕೊಟ್ಟೆ.

"ಮೇಡಂ, ನಾನು ಕೂತು ನೋಡಿದೆ, ಕೂಗಲ್ಲ. ನನ್ನ ಹೆಂಡ್ತೀನ ಕೂರಿಸಿ ನೋಡಿದೆ, ಕೂಗಲ್ಲ. ನೀವು ಕೂತ್ರೆ ಮಾತ್ರ ಕೂಗುತ್ತೆ. ಕುಣಿಯಕ್ಕೆ ಬಾರದವಳು ನೆಲ ಡೊಂಕು ಅಂದಳಂತೆ."

ಇನ್ನು ಮೇಲೆ ಬೇರೆ ಗ್ಯಾರೇಜು ನೋಡಬೇಕು.

ಏಪ್ರಿಲ್ 18, ಶುಕ್ರವಾರ

ಬೆಳಿಗ್ಗೆ ಆರಕ್ಕೆ ಹೊರಟೆವು. ಬಜರ್ ಕೆಟ್ಟಿದೆ ಅಂತ ಸಾಬೀತು ಮಾಡುವುದಕ್ಕೆ ನಾನು ಎರಡೂ ಕಾಲು ಎತ್ತಿ ಸೀಟಿನ ಮೇಲೆ ಚಕ್ಕಳಮಕ್ಕಳ ಹಾಕಿ ಕೂತೆ. "ಈಗ ಕೂಗಲಿ, ಆ ಮೆಕ್ಯಾನಿಕ್ ಮುಖಕ್ಕೆ ಹೇಳ್ತೀನಿ" ಅಂದೆ.

ಕೂಗಲಿಲ್ಲ. ಮೊದಲ ತಿರುವು ದಾಟಿತು. ಮಾರ್ಕೆಟ್ಟಿನ ಹಿಂದಿನ ಇಕ್ಕಟ್ಟು, ಸೇತುವೆ, ಆಸ್ಪತ್ರೆ ಎದುರಿನ ದೊಡ್ಡ ವೃತ್ತ. ಅವನು ಬ್ರೇಕು ಒತ್ತಬೇಕಾದಲ್ಲಿ ಒತ್ತಿದ, ಸ್ವಲ್ಪ ತಡವಾಗಿ, ಸ್ವಲ್ಪ ಒರಟಾಗಿ, ಆದರೆ ಒತ್ತಿದ. ಊರು ಸುತ್ತಿ ಮನೆ ಮುಂದೆ ತಂದು ನಿಲ್ಲಿಸಿದ. ಕಾರು ಎಲ್ಲೂ ಮುಗ್ಗರಿಸಲಿಲ್ಲ. ನನ್ನ ಬಲಗಾಲು ಮಾತ್ರ, ಮಡಚಿಟ್ಟಲ್ಲೇ, ದಾರಿಯುದ್ದಕ್ಕೂ ಅದುರುತ್ತಿತ್ತು.

"ನಿನಗೆ ಗೊತ್ತಿತ್ತಾ?" ಅಂದೆ.

"ಗೊತ್ತಿತ್ತು. ನೀನು ಒತ್ತಿದ್ರೆ ನನ್ನ ಪೆಡಲೂ ಕೆಳಗೆ ಹೋಗುತ್ತಲ್ಲ."

"ಯಾಕೋ ಹೇಳಲಿಲ್ಲ?"

"ನೀನು ಒತ್ತದಿದ್ರೆ ನಾನು ಒತ್ತಬೇಕಾಗಿತ್ತಲ್ಲ, ಅಕ್ಕ."

ಏಪ್ರಿಲ್ 19, ಶನಿವಾರ

ಏಳು ಸಲ. ಮೂರು ವರ್ಷ. ನನಗೆ ನಾಚಿಕೆಯಾಗುತ್ತಿದೆ.

ಮೆಕ್ಯಾನಿಕ್ ಹತ್ತಿರ ಹೋಗಿ ಕ್ಷಮೆ ಕೇಳಿದೆ. ಟೀ ಕುಡಿಸಿದ.

ಏಪ್ರಿಲ್ 26, ಶನಿವಾರ

ಎಲ್ಲ ಬಯಲಾಯಿತು.

ಕೇಂದ್ರಕ್ಕೆ ಹೋದ ಕೂಡಲೇ ಬ್ರೇಕಿನ ವಿಷಯ ನಾನೇ ಹೇಳಿಕೊಂಡೆ. ಅಪರಾಧಿ ನಾನೇ ಅಂದೆ. ಕುರ್ಚಿಯಮ್ಮ ತಲೆಯಾಡಿಸಿದರು. "ನಿಮ್ಮ ಕಾಲು ಅವರ ಭಯಕ್ಕೆ ಕಾಯುತ್ತೆ, ಅವರ ಭಯ ನಿಮ್ಮ ಕಾಲಿಗೆ ಕಾಯುತ್ತೆ. ಯಾವುದು ಮೊದಲು ಅಂತ ಹುಡುಕೋದು ಚಕ್ರದ ತುದಿ ಹುಡುಕಿದ ಹಾಗೆ." ಆಮೇಲೆ ಎಲ್ಲರನ್ನೂ ನೋಡಿ ಕೇಳಿದರು. "ಇವರು ಪಾಸಾದ್ರೆ ಈ ಮನೇಲಿ ಯಾರಿಗೆ ನಷ್ಟ?"

ಯಾರಿಗೂ ಇಲ್ಲ ಅಂತ ನನ್ನ ನಾಲಿಗೆ ತುದಿಗೆ ಬಂದಿತ್ತು. ಈ ಸಲ ನುಂಗಿಕೊಂಡೆ.

"ನನಗೆ" ಅಂದ ತಮ್ಮ. "ಅಕ್ಕನಿಗೆ ಫೆಬ್ರವರೀಲಿ ಒಂದು ಪತ್ರ ಬಂತು. ಪೋಸ್ಟಿನವನ ಕೈಯಿಂದ ತಗೊಂಡಿದ್ದು ನಾನೇ. ಲಕೋಟೆ ಮೇಲೆ ಬಸ್ ಡಿಪೋ ಮುದ್ರೆ ಇತ್ತು. ಮೊದಲು ಭಯಕ್ಕೇ ಫೇಲಾಗ್ತಿದ್ದೆ, ಅದು ನಿಜ. ಆದ್ರೆ ಈ ಸಲ, ನಾನು ಪಾಸಾದ್ರೆ ಅಕ್ಕ ಹೋಗ್ತಾಳೆ ಅಂತ ಗೊತ್ತಿತ್ತು. ಅಕ್ಕ ಹೋದ್ರೆ ಇವರಿಬ್ಬರ ಮಧ್ಯೆ ನಾನೊಬ್ಬನೇ ಆಗ್ತೀನಿ. ಅಪ್ಪನ ಮಾತು ಅಮ್ಮನಿಗೆ, ಅಮ್ಮನ ಮಾತು ಅಪ್ಪನಿಗೆ ತಲುಪಿಸ್ಕೊಂಡು. ನನ್ನ ಕೈಲಿ ಆಗಲ್ಲ."

ಇಪ್ಪತ್ತೆಂಟು ವರ್ಷದಲ್ಲಿ ಇಷ್ಟು ಉದ್ದದ ಮಾತನ್ನು ಅವನ ಬಾಯಿಂದ ಕೇಳಿರಲಿಲ್ಲ. ನನಗೆ ಅಳು ಬಂತು. ನನ್ನ ಗುಟ್ಟು ಅಂದುಕೊಂಡಿದ್ದನ್ನು ಅವನು ಎರಡು ತಿಂಗಳು ಎದೆಯಲ್ಲಿಟ್ಟುಕೊಂಡಿದ್ದ.

"ಎಲ್ಲಿಗೆ ಹೋಗ್ತಾಳೆ?" ಅಂದರು ಅಪ್ಪ, ತಮ್ಮನ ಕಡೆ ತಿರುಗಿ. ಕುರ್ಚಿಯಮ್ಮ ಎದ್ದು ತಮ್ಮನ ಕುರ್ಚಿಯನ್ನು ಪಕ್ಕಕ್ಕೆ ಎಳೆದರು. ಅಪ್ಪನಿಗೆ ಎದುರಾಗಿ ಅಮ್ಮ ಉಳಿದಳು. "ಅವರನ್ನ ಕೇಳಿ" ಅಂದರು.

"ಅವಳು ಹೋದ್ರೆ ಸ್ಕೂಲ್ ಗತಿ ಏನು?" ಅಂತ ಅಪ್ಪ ಅಮ್ಮನನ್ನೇ ಕೇಳಿದರು.

"ನನಗೂ ಲೈಸೆನ್ಸ್ ಇದೆ" ಅಂದಳು ಅಮ್ಮ. "ಮೂವತ್ತೊಂದು ವರ್ಷದಿಂದ ಇದೆ. ಮೊದಲ ಸಲಕ್ಕೇ ಪಾಸಾಗಿದ್ದೆ. ಕೀಲಿ ಕೊಟ್ಟಿದ್ದೂ ನೀವೇ, ವಾಪಸ್ ಇಸ್ಕೊಂಡಿದ್ದೂ ನೀವೇ, ಆಫೀಸ್ ನೋಡ್ಕೊ ಅಂತ. ಆಮೇಲೆ ಯಾರಾದ್ರೂ ಕೇಳಿದ್ರಾ?"

ಯಾರೂ ಕೇಳಿರಲಿಲ್ಲ. ನಾನು ಬರೆದ ನಕ್ಷೆಯಲ್ಲಿ ಅಮ್ಮನ ವೃತ್ತದ ಕೆಳಗೆ "ಆಫೀಸು" ಅಂತಷ್ಟೇ ಇದೆ.

ಏಪ್ರಿಲ್ 27, ಭಾನುವಾರ

ಅಮ್ಮ ಕಾರು ಹೊರತೆಗೆದಳು! ಅಪ್ಪ ಪಕ್ಕದಲ್ಲಿ ಕೂತು "ನಿಧಾನ, ನಿಧಾನ" ಅಂತಿದ್ದರು. "ಕಣ್ಣು ಕಾಣದೋರು ಸುಮ್ನೆ ಕೂತ್ಕೊಳಿ" ಅಂದಳು. ಇಬ್ಬರೂ ನಗುತ್ತಿದ್ದರು. ನಾವಿಬ್ಬರೂ ಗೇಟಿನಲ್ಲಿ ನಿಂತು ನೋಡಿದೆವು. ಬೆಳಿಗ್ಗೆಯಿಂದ ಒಬ್ಬರೂ ನನ್ನ ಹತ್ತಿರ ಏನನ್ನೂ ಹೇಳಿಕಳಿಸಲಿಲ್ಲ. ಏನು ಮಾಡುವುದೆಂದು ಗೊತ್ತಾಗದೆ ಮೂರು ಸಲ ಕಾರು ನಿಲ್ಲುವ ಜಾಗ ಗುಡಿಸಿದೆ.

ಮೇ 6, ಮಂಗಳವಾರ

ತಮ್ಮನ ಟೆಸ್ಟ್ ಜೂನ್ 18ಕ್ಕೆ ಮುಂದೆ ಹೋಗಿದೆ. ನನ್ನ ಒಪ್ಪಿಗೆ ತಲುಪಬೇಕಾದ್ದು ಮೇ 31ಕ್ಕೆ. ತಲೆ ಮೇಲೆ ಕೈ ಹೊತ್ತು ಕೂತಿದ್ದೇನೆ.

ಮೇ 10, ಶನಿವಾರ

ಕುರ್ಚಿಯಮ್ಮನಿಗೆ ದಿನಾಂಕದ ಗೋಳು ಹೇಳಿದೆ. ಅವನು ಪಾಸಾಗುತ್ತಾನೋ ಇಲ್ಲವೋ ಗೊತ್ತಾಗುವ ಮೊದಲೇ ನಾನು ಹೇಗೆ ಉತ್ತರ ಕೊಡಲಿ ಅಂದೆ.

"ಅವರು ಫೇಲಾದ್ರೆ ನೀವು ಹೋಗ್ತೀರಾ?"

ಇದೆಂಥ ಪ್ರಶ್ನೆ! ಅಮ್ಮ ಆಗಲೇ ಕಲಿಸುವವರ ತರಬೇತಿಗೆ ಸೇರಿದ್ದಾಳೆ, ಸ್ಕೂಲು ನಡೆಯುತ್ತದೆ. ಹೋಗದಿರಲು ಕಾರಣ ಹುಡುಕಿದೆ. ಒಂದೊಂದೇ ಹೇಳುತ್ತಾ ಹೋದೆ, ಒಂದೊಂದೇ ಬಿದ್ದುಹೋಯಿತು. ಕೊನೆಗೆ, "ನನಗೆ ಭಯ. ಅಷ್ಟು ದೊಡ್ಡ ಬಸ್ಸು ನನ್ನ ಕೈಲಿ ಆಗದಿದ್ರೆ?" ಅಂದುಬಿಟ್ಟೆ. ಅಂಗೈ ಪೂರ್ತಿ ಬೆವರಿತ್ತು, ಕಿವಿ ಗುಂಯ್ ಅನ್ನುತ್ತಿತ್ತು.

ಅಮ್ಮ ಏನೋ ಹೇಳಲು ಹೊರಟಳು. ತಮ್ಮ, "ಅಕ್ಕ ಹೇಳಲಿ ಇರಮ್ಮ" ಅಂದ.

ಮೇ 12, ಸೋಮವಾರ

ಒಪ್ಪಿಗೆ ಅಂತ ಬರೆದು ಪೋಸ್ಟ್ ಮಾಡಿದೆ. ಮಾಡಿಯೇಬಿಟ್ಟೆ!

ಜೂನ್ 3, ಮಂಗಳವಾರ

ಹೊಸ ಊರು. ಬಾಡಿಗೆ ಕೋಣೆ, ಒಂದು ಕಿಟಕಿ, ಒಂದು ಕುರ್ಚಿ. ಬೆಳಗಿನ ಪಾಳಿಗೆ ಹನ್ನೆರಡು ಜನ ಚಾಲಕರು, ಎಲ್ಲರೂ ನನಗಿಂತ ಎತ್ತರ. ಇವತ್ತು ಮೊದಲ ಸಲ ಬಸ್ಸನ್ನು ನಾನೇ ತಿರುಗಿಸಿದೆ. ಮುಂಭಾಗ ಮುಂದಿನ ಬೀದಿಗೆ ಹೋದ ಮೇಲೂ ಹಿಂಭಾಗ ಇನ್ನೂ ಹಿಂದಿನ ಬೀದಿಯಲ್ಲೇ ಇರುತ್ತದೆ! ಕಂಬಕ್ಕೆ ಕನ್ನಡಿ ತಾಗಿಸಿದೆ. ಹಿರಿಯ ಚಾಲಕನೊಬ್ಬ "ಪರವಾಗಿಲ್ಲ ಮೇಡಂ, ಆ ಕಂಬಕ್ಕೆ ಅಭ್ಯಾಸ ಆಗಿದೆ" ಅಂದ. ಹೊಟ್ಟೆ ಹುಣ್ಣಾಗುವಷ್ಟು ನಕ್ಕೆವು.

ಜೂನ್ 18, ಬುಧವಾರ

ಟೆಸ್ಟು ಹತ್ತಕ್ಕೆ ಅಂತ ಗೊತ್ತಿತ್ತು. ಹತ್ತೂವರೆಗೆ ನಾನು ಬಸ್ಸಿನಲ್ಲಿ ಹಿಮ್ಮುಖ ನಿಲುಗಡೆ ಕಲಿಸುತ್ತಿದ್ದೆ, ಆಮೇಲೆ ಊಟ, ಆಮೇಲೆ ಎರಡನೆಯ ತಂಡ. ನಾಲ್ಕಕ್ಕೆ ಫೋನ್ ಬಂದಾಗಲೇ ನೆನಪಾದದ್ದು.

"ಅಕ್ಕ" ಅಂದ. ಮುಂದಿನದನ್ನು ಅವನೇ ಹೇಳಲಿ ಅಂತ ಕಾದೆ. ಡಿಪೋದಲ್ಲಿ ಬಸ್ಸುಗಳನ್ನು ತೊಳೆಯುತ್ತಿದ್ದರು, ನೋಡುತ್ತಾ ನಿಂತೆ.

"ಫೇಲಾದೆ. ಆದ್ರೆ ಕಾರು ನಿಲ್ಲಲಿಲ್ಲ ಅಕ್ಕ! ಓಡ್ತು. ವೃತ್ತ ದಾಟಿಸಿದೆ, ಸೇತುವೆ ದಾಟಿಸಿದೆ, ಕೊನೇಲಿ ಖುಷಿ ಜಾಸ್ತಿಯಾಗಿ ಫುಟ್‌ಪಾತ್ ಮೇಲೆ ಹತ್ತಿಸಿಬಿಟ್ಟೆ."

ಪಕ್ಕದ ಸೀಟಿನಲ್ಲಿ ಅಮ್ಮನಿದ್ದಳಂತೆ, ಕಲಿಸುವವರ ಹೊಸ ಬ್ಯಾಡ್ಜು ಹಾಕಿಕೊಂಡು. ಬಜರ್ ಒಂದು ಸಲವೂ ಕೂಗಲಿಲ್ಲವಂತೆ. "ಹತ್ತುತ್ತೆ ಅಂತ ಅಮ್ಮನಿಗೆ ಗೊತ್ತಾಗಿತ್ತು. ಯಾಕೆ ಬ್ರೇಕು ಒತ್ತಲಿಲ್ಲ ಅಂತ ಕೇಳಿದ್ರೆ, ಅಷ್ಟು ಮೆಲ್ಲಗೆ ಹತ್ತಿದ್ರೆ ಯಾರಿಗೇನಾಗುತ್ತೆ, ನಿನ್ನ ಟೆಸ್ಟು ತಾನೇ ಅಂದ್ಲು."

"ಮನೇಲಿ ಏನಂತಾರೆ?"

"ಮನೇಲಿ ಯಾರಿದ್ದಾರೆ? ಟೆಸ್ಟ್ ಮುಗಿದ ತಕ್ಷಣ ಅಮ್ಮ ಅಪ್ಪನ್ನ ಕೂರಿಸ್ಕೊಂಡು ಎಲ್ಲೋ ಹೋದ್ಲು. ಊಟ ಫ್ರಿಜ್ಜಲ್ಲಿದೆ ಅಂದ್ಲು. ನಾನು ಸಿಟಿ ಬಸ್ಸಲ್ಲಿ ಬಂದೆ."

"ಮತ್ತೆ?"

"ಮತ್ತೇನು, ಉಂಡೆ. ಮುಂದಿನ ಟೆಸ್ಟಿಗೆ ದಿನ ಬುಕ್ ಮಾಡಿದೆ."

"ಯಾವಾಗ?"

"ಹೇಳಲ್ಲ" ಅಂದ.

ನಾನು ಎಷ್ಟು ಜೋರಾಗಿ ನಕ್ಕೆನೆಂದರೆ ಬಸ್ಸು ತೊಳೆಯುತ್ತಿದ್ದವರು ಪೈಪು ಹಿಡಿದುಕೊಂಡೇ ತಿರುಗಿ ನೋಡಿದರು.